ಕುದಿಯುವ ಚಹಾ ಹಿಡಿದ ಕೈ

ಬೈಲಹೊಂಗಲ
೧೧ ನವೆಂಬರ್ ೨೦೨೪

ರಾಮದುರ್ಗ ಶಾಖೆಯ ತರಬೇತಿ ಗುರುಗಳೂ ಯಂತ್ರವಿದ್ಯಾ ವಿಶಾರದರೂ ಆದ ಶ್ರೀಮಾನ್ ಭರಮಪ್ಪನವರ ದಿವ್ಯ ಸನ್ನಿಧಾನಕ್ಕೆ, ಬೈಲಹೊಂಗಲ ಹಳೇ ಹತ್ತಿ ಮಿಲ್ಲಿನ ಗ್ರೇಡರ್ ಹಜರತಸಾಬನ ಸಲಾಮು.

ಸಲಾಮು ಮುಗಿಯಿತು. ಇನ್ನು ಪರದೆ ಏಳಲಿ!

ಎಲೋ ಭರಮ್ಯಾ! ಇಂದು ಮುಂಜಾನೆ ಆಫೀಸಿನ ಬಾಗಿಲಿಗೆ ಒಂದು ಪಟ್ಟಿ ಅಂಟಿತ್ತು. ಮೇಲೆ ದಪ್ಪಕ್ಷರದಲ್ಲಿ ‘ಹೊಸ ಕೌಶಲ ತರಬೇತಿ’. ಕೆಳಗೆ ಮೊದಲನೇ ಹೆಸರು ನನ್ನದು! ಹಜರತಸಾಬ, ವಯಸ್ಸು ಐವತ್ತೆಂಟು. ವಯಸ್ಸು ಯಾಕೆ ಬರೆದೆ? ಸಂತೆಗೆ ಬಂದ ಎತ್ತಿನ ಹಲ್ಲು ಎಣಿಸಿದ ಹಾಗೆ! ಆರು ಶನಿವಾರ ನಾನು ರಾಮದುರ್ಗಕ್ಕೆ ಬಂದು ನಿನ್ನೆದುರು ಬೆಂಚಿನ ಮೇಲೆ ಕೂರಬೇಕಂತೆ. ಜನವರಿ ಹದಿನೆಂಟಕ್ಕೆ ಪರೀಕ್ಷೆಯಂತೆ. ಪಾಸಾದರೆ ಗ್ರೇಡರನ ಕುರ್ಚಿ ನನಗೇ, ಇಲ್ಲವಾದರೆ ‘ಆಡಳಿತ ಸೂಚಿಸಿದ ಬೇರೆ ಕೆಲಸ’ವಂತೆ. ಕೆಳಗೆ ಸಹಿ ಯಾರದು? ನಿನ್ನದು.

ಮೂವತ್ತನಾಲ್ಕು ವರ್ಷ! ಕಿತ್ತೂರಿನಿಂದ ಬರಲಿ, ಸವದತ್ತಿಯಿಂದ ಬರಲಿ, ಟ್ರಾಲಿ ಈ ಆವಾರದೊಳಗೆ ನಿಂತರೆ ನಾನು ಹತ್ತಿಯಲ್ಲಿ ಮೊಣಕೈವರೆಗೆ ಕೈ ತೂರಿಸಿ, ಹೊಟ್ಟೆಯೊಳಗಿನ ಒಂದು ಹಿಡಿ ಹೊರಗೆಳೆದು, ಹೆಬ್ಬೆರಳುಗಳ ನಡುವೆ ಎಳೆ ಜಗ್ಗಿ, ಕಾಳು ಕಚ್ಚಿ, ‘ಒಣ ಸರಕು, ಮೊದಲನೇ ದರ್ಜೆ’ ಎಂದರೆ ಮುಗಿಯಿತು. ವ್ಯಾಪಾರಿಯೂ ತಲೆಬಾಗಬೇಕು, ರೈತನೂ ತಲೆಬಾಗಬೇಕು. ಬೇಕಾದರೆ ಟ್ರಾಲಿಯ ಮಗ್ಗುಲಲ್ಲಿ ಕಸ ಆರಿಸುತ್ತ ನಿಲ್ಲುವ ಚನ್ನವ್ವನನ್ನು ಕೇಳು. ಆ ಕೈಗೆ ಈಗ ತರಬೇತಿ! ಅದೂ ಆ ಕೈಯೇ ಹಿಡಿದು ಕಲಿಸಿದ ನಿನ್ನಿಂದ!

ಸಂಪಗಾಂವದ ನಾಟಕ ನೆನಪಿದೆಯೇ? ನಾನು ಸೇನಾಪತಿ, ನೀನು ದ್ವಾರಪಾಲಕ. ಮೂರು ತಾಸಿನ ನಾಟಕದಲ್ಲಿ ನಿನಗಿದ್ದದ್ದು ಒಂದೇ ಮಾತು: ‘ಅಪ್ಪಣೆ, ಮಹಾಪ್ರಭೂ!’ ಅದನ್ನೂ ಮರೆತು ಭರ್ಜಿ ಹಿಡಿದು ಗಡಗಡ ನಡುಗುತ್ತ ನಿಂತಾಗ, ಮೀಸೆಯ ಮರೆಯಿಂದ ಮಾತು ಎತ್ತಿಕೊಟ್ಟವನು ಯಾರು? ಈ ಸೇನಾಪತಿ!

ನಿನ್ನ ನಂಬರನ್ನು ಬ್ಲಾಕ್ ಮಾಡಿದ್ದೇನೆ. ಫೋನಿನಲ್ಲಿ ಬೈದದ್ದು ಗಾಳಿಗೆ ಹೋಗುತ್ತದೆ, ಕಾಗದದಲ್ಲಿ ಬೈದದ್ದು ಪೆಟ್ಟಿಗೆಯಲ್ಲಿ ಉಳಿಯುತ್ತದೆ. ಸ್ಯಾಂಪಲ್ ಗಂಟುಗಳ ಜೊತೆ ಇದನ್ನೂ ಲಾರಿ ಡ್ರೈವರ್ ಅಯಾಜನ ಕೈಯಲ್ಲಿ ಕಳಿಸುತ್ತಿದ್ದೇನೆ. ಉತ್ತರವಿದ್ದರೆ ಅವನ ಕೈಯಲ್ಲೇ ಕಳಿಸು. ಧೈರ್ಯವಿದ್ದರೆ!

ಹಜರತಸಾಬ

*

ರಾಮದುರ್ಗ
೧೬ ನವೆಂಬರ್ ೨೦೨೪

ಹಜರತಸಾಬ ಕಾಕಾ ಅವರಿಗೆ,

ಕಾಗದ ತಲುಪಿತು. ಮೊದಲ ತರಗತಿ ಇಪ್ಪತ್ಮೂರನೇ ತಾರೀಕು, ಶನಿವಾರ, ಹತ್ತು ಗಂಟೆಗೆ. ಕನ್ನಡಕ ತನ್ನಿರಿ. ಯಂತ್ರದ ಕೋಣೆಯಲ್ಲಿ ಕಾಳು ಕಚ್ಚಿ ಉಗುಳುವಂತಿಲ್ಲ. ಹೊಸ ಯಂತ್ರ ಎಳೆಯ ಉದ್ದ, ಬಣ್ಣ, ಗಟ್ಟಿತನ ಎಲ್ಲವನ್ನೂ ಅಳೆಯುತ್ತದೆ. ತೇವ ನೋಡುವುದಕ್ಕೆ ಬೇರೆ ಕಡ್ಡಿ ಇದೆ, ರಾಶಿಯೊಳಗೆ ಚುಚ್ಚಿದರೆ ಅಂಕಿ ತೋರಿಸುತ್ತದೆ. ಇದನ್ನು ಕಲಿಯಲು ಸೇನಾಪತಿಯ ಮೀಸೆ ಬೇಕಿಲ್ಲ.

ನಾಟಕ ನೆನಪಿದೆ. ಎಂಟು ವರ್ಷ ನನಗೆ ದ್ವಾರಪಾಲಕನನ್ನು ಬಿಟ್ಟು ಬೇರೆ ಪಾತ್ರ ಕೊಡಲಿಲ್ಲ. ನಮ್ಮ ಕೇರಿಯ ಹುಡುಗನಿಗೆ ಕಿರೀಟ ಕೊಟ್ಟರೆ ಊರು ಏನಂದೀತು ಎಂದು ನಾಟಕ ಸಂಘದವರು ಗುಸುಗುಸು ಮಾಡುವಾಗ ನೀವು ಬಣ್ಣ ಹಚ್ಚಿಕೊಳ್ಳುತ್ತ ಕೂತಿದ್ದಿರಿ. ಒಂದು ಮಾತು ಆಡಲಿಲ್ಲ. ಅಷ್ಟು ದೊಡ್ಡ ದನಿ ಇದ್ದೂ!

ಇನ್ನೊಂದು ದೃಶ್ಯವೂ ನೆನಪಿದೆ. ಹದಿನೇಳು ವರ್ಷದ ಹಿಂದೆ, ಅದೇ ಆವಾರ. ನಾನು ಒಂದು ಟ್ರಾಲಿಯ ದರ್ಜೆ ತಪ್ಪು ಹೇಳಿದೆ. ನೀವು ವ್ಯಾಪಾರಿಗಳ ಮುಂದೆ ಒಂದು ಬುಟ್ಟಿ ಕಸದ ಹತ್ತಿಯನ್ನು ನನ್ನ ತಲೆಯ ಮೇಲೆ ಸುರಿದು ಅಂದಿರಿ: “ಈ ತಲ್ಯಾಗ ಏನೂ ಇಲ್ರೀ, ಹತ್ತೀನರ ಇರ್ಲಿ!” ಎಲ್ಲರೂ ಚಪ್ಪಾಳೆ ಹೊಡೆದರು.

ನಾನು ಕಲಿಸುವಾಗ ಯಾರ ತಲೆಯ ಮೇಲೂ ಏನೂ ಸುರಿಯುವುದಿಲ್ಲ. ಶನಿವಾರ ಬನ್ನಿರಿ.

ಭರಮಪ್ಪ
ತರಬೇತುದಾರ

*

ಬೈಲಹೊಂಗಲ
೨೪ ನವೆಂಬರ್ ೨೦೨೪

ಭರಮ್ಯಾ,

ಬಂದೆ, ನೋಡಿದೆ, ಎದ್ದೆ! ಮೊದಲನೇ ಅಂಕ ಮುಗಿಯುವ ಮೊದಲೇ ರಂಗ ಬಿಟ್ಟು ಹೋದವ ಎಂದು ಯಾರೂ ನನ್ನನ್ನು ಅಂದಿರಲಿಲ್ಲ. ಆ ಕೀರ್ತಿಯನ್ನೂ ನೀನೇ ದಯಪಾಲಿಸಿದೆ.

ಏನು ದರ್ಬಾರು ಅದು! ಗಾಜಿನ ಕೋಣೆ, ಒಳಗೆ ತಂಪು ಗಾಳಿ, ನಡುವೆ ಬೀರುವಿನಷ್ಟು ದೊಡ್ಡ ಯಂತ್ರ. ಮಹಾರಾಣಿಗೆ ಬಿಸಿಲು ತಾಗಬಾರದಂತೆ, ಧೂಳು ತಾಗಬಾರದಂತೆ, ಹತ್ತು ಗ್ರಾಂ ಹತ್ತಿಯನ್ನು ತೂಗಿ ಉಣಿಸಬೇಕಂತೆ. ಬಿಸಿಲು, ಧೂಳು ಎರಡನ್ನೂ ಕುಡಿದು ಮೂವತ್ತನಾಲ್ಕು ವರ್ಷ ನಿಂತ ನಾನು ಹೊರಗಿನ ಬೆಂಚಿನ ಮೇಲೆ! ನನ್ನ ಪಕ್ಕದಲ್ಲಿ ನಿನ್ನೆ ಮೊನ್ನೆ ಕೆಲಸಕ್ಕೆ ಸೇರಿದ ಕಾಂತೇಶ. ಅವನು ನನಗೆ ಮೌಸು ಹಿಡಿಯುವುದನ್ನು ತೋರಿಸುತ್ತಾನೆ: “ಕಾಕಾ, ಬಾಣಾ ಎಲ್ಲಿ ಐತಿ ನೋಡ್ರಿ, ಬಾಣಾ!” ಬಾಣ! ಅರ್ಜುನನ ಪಾತ್ರ ಮಾಡಿದವನಿಗೆ ಬಾಣ ತೋರಿಸುತ್ತಾನೆ!

ಆಮೇಲೆ ನೀನು ಹತ್ತಿಯ ಗುಡ್ಡೆ ತಂದು ಇಟ್ಟೆ. ನಾನು ರೂಢಿಯಂತೆ ತೋಳು ಮಡಚಿ ಕೈ ತೂರಿಸಹೋದರೆ, ಎಲ್ಲರ ಮುಂದೆ ಅಂದೆಯಲ್ಲ: “ಕಾಕಾ, ಕೈ ಬ್ಯಾಡ್ರಿ. ಕಡ್ಡಿ ಹಿಡೀರಿ.”

ಕೈ ಬೇಡ! ಈ ಕೈ!

ಕೇಳು. ನಿನ್ನ ಚಹಾದವ ಕುದಿಕುದಿಯುವ ಚಹಾ ತಂದನಲ್ಲ, ಸ್ಟೀಲಿನ ಲೋಟದಲ್ಲಿ? ಕಾಂತೇಶ ‘ಅಯ್ಯಯ್ಯೋ’ ಎಂದು ಲೋಟ ಕೆಳಗಿಟ್ಟು ಕಿವಿ ಹಿಡಿದುಕೊಂಡ. ಉಳಿದವರು ಕರವಸ್ತ್ರ ಸುತ್ತಿದರು. ನೀನೂ ಟೇಬಲ್ಲಿನ ಮೇಲಿಟ್ಟು ಬೆರಳು ಊದಿಕೊಂಡೆ. ಬರಿಗೈಯಲ್ಲಿ ಲೋಟ ಹಿಡಿದು ಕಂಬದ ಹಾಗೆ ನಿಂತು ಪೂರ್ತಿ ಕುಡಿದವನು ನಾನೊಬ್ಬನೇ! ನೀನು ಬಾಯಿ ತೆರೆದು ನನ್ನ ಕೈಯನ್ನೇ ನೋಡುತ್ತಿದ್ದೆ. ನೋಡು, ನೋಡು. ದುಡಿದ ಕೈ ಅಂದರೆ ಅದು.

ಈಗ ಸವಾಲು. ನಿನ್ನ ಮಹಾರಾಣಿಯನ್ನು ಕಡ್ಡಿಯ ಸಮೇತ ಬೈಲಹೊಂಗಲಕ್ಕೆ ಕರೆದುಕೊಂಡು ಬಾ. ಹನ್ನೆರಡು ಗುಡ್ಡೆ ಹತ್ತಿ. ಒಂದು ಕಡೆ ಅವಳು, ಒಂದು ಕಡೆ ನಾನು. ಮಾಲಕರು ನಡುವೆ ಕೂರಲಿ. ಸೋತವರು ರಂಗ ಬಿಡಬೇಕು!

ಹಜರತಸಾಬ

*

ರಾಮದುರ್ಗ
೨೯ ನವೆಂಬರ್ ೨೦೨೪

ಕಾಕಾ,

ಯಂತ್ರ ಬರುವುದಿಲ್ಲ. ಕಡ್ಡಿ ತರುತ್ತೇನೆ, ಆರು ಗುಡ್ಡೆ ಸಾಕು. ಸವಾಲು ಒಪ್ಪಿದೆ. ಒಂದೇ ಷರತ್ತು. ನೀವು ಹತ್ತಿ ನೋಡುವಾಗ ಹತ್ತು ಮಾರಿನೊಳಗೆ ಯಾರೂ ನಿಲ್ಲಬಾರದು. ವ್ಯಾಪಾರಿ, ಡ್ರೈವರ್, ಕಸ ಆರಿಸುವ ಹೆಣ್ಣಾಳು, ಯಾರೂ.

ಚಹಾದ ಲೋಟದ ಬಗ್ಗೆ ಬರೆದಿರಿ. ನಾನು ನೋಡಿದ್ದು ನಿಜ. ಅದರ ಬಗ್ಗೆ ಈಗ ಏನೂ ಬರೆಯುವುದಿಲ್ಲ.

ಉಳಿದ ತರಗತಿಗಳನ್ನು ತಪ್ಪಿಸಬೇಡಿರಿ. ತಪ್ಪಿಸಿದರೆ ಮುಂದೆ ನನ್ನ ಕೈಯಲ್ಲಿ ಏನೂ ಇರುವುದಿಲ್ಲ.

ಭರಮಪ್ಪ

*

ಬೈಲಹೊಂಗಲ
೯ ಡಿಸೆಂಬರ್ ೨೦೨೪

ಭರಮ್ಯಾ,

ಹತ್ತು ಮಾರು! ನಾನೇನು ಸರಪಳಿ ಹರಿದ ಹುಚ್ಚಾನೆಯೇ, ಜನ ದೂರ ನಿಲ್ಲಲಿಕ್ಕೆ? ನಟನಿಗೆ ಜನ ಬೇಕು. ಜನರಿಲ್ಲದ ರಂಗದ ಮೇಲೆ ನಾಟಕ ಆಡು ಅನ್ನುವವನು ನಟನನ್ನು ಕೊಲ್ಲಲಿಕ್ಕೆ ಬಂದವನು. ಇಂಥ ಮೋಸದ ಷರತ್ತಿಗೆ ನಾನು ಒಪ್ಪುವುದಿಲ್ಲ. ಸವಾಲು ವಾಪಸು.

ಎರಡನೇ ತರಗತಿಗೆ ನೆಗಡಿ. ಮೂರನೆಯದಕ್ಕೆ ಬಸ್ಸು ತಪ್ಪಿತು. ನಾಲ್ಕನೆಯದಕ್ಕೆ ಏನಾಗುತ್ತದೋ ಇನ್ನೂ ಯೋಚಿಸಿಲ್ಲ.

ಹೆಣ್ಣಾಳು ಹತ್ತಿರ ನಿಲ್ಲಬಾರದು ಎಂದೆಯಲ್ಲ, ಅದರ ಅರ್ಥವೇನು? ಚನ್ನವ್ವ ನಿಂತರೆ ನಿನಗೇನು ನೋವು? ನಿನ್ನ ಸಮಾಧಾನಕ್ಕೆ ಹೇಳುತ್ತೇನೆ, ಚನ್ನವ್ವ ಈಗ ಇಲ್ಲಿಲ್ಲ. ಮಗಳ ಬಾಣಂತನಕ್ಕೆ ಒಂದನೇ ತಾರೀಕೇ ಸವದತ್ತಿಗೆ ಹೋದಳು, ಇಪ್ಪತ್ತರ ತನಕ ಬರುವುದಿಲ್ಲ. ಹೋದರೇನಾಯಿತು? ಮಿಲ್ಲು ನಿಂತಿತೇ? ಮೊನ್ನೆ ಶುಕ್ರವಾರ ಆರನೇ ತಾರೀಕು ಸಂಗೊಳ್ಳಿಯ ಐದು ಟ್ರಾಲಿ ಹತ್ತಿ ಒಟ್ಟಿಗೆ ಬಂತು. ನಾನೊಬ್ಬನೇ! ಐದಕ್ಕೂ ಮೊಣಕೈವರೆಗೆ ಕೈ ತೂರಿಸಿದೆ, ಐದೂ ಒಣ ಸರಕು ಎಂದೆ, ಐದೂ ರಾಶಿಗೆ ಬಿದ್ದವು. ಒಂದು ತಾಸಿನೊಳಗೆ! ನಿನ್ನ ಕಡ್ಡಿ ಆಗ ಎಲ್ಲಿತ್ತು? ಡಬ್ಬಿಯೊಳಗೆ ನಿದ್ದೆ ಮಾಡುತ್ತಿತ್ತು.

ಹಜರತಸಾಬ

*

ರಾಮದುರ್ಗ
೨೭ ಡಿಸೆಂಬರ್ ೨೦೨೪

ಹಜರತಸಾಬರಿಗೆ,

ಹದಿನೆಂಟು ದಿನ ನಿಮ್ಮಿಂದ ಕಾಗದವಿಲ್ಲ. ಯಾಕಿಲ್ಲ ಎಂಬುದು ಇಂದು ಅಯಾಜನಿಂದ ತಿಳಿಯಿತು.

ಸಂಗೊಳ್ಳಿಯ ಹತ್ತಿ ರಾಶಿಯೊಳಗೇ ಹಸಿಯಿಂದ ಕಾವೇರಿತಂತೆ. ಇಪ್ಪತ್ಮೂರನೇ ತಾರೀಕು ಕಾಳು ಬಿಡಿಸುವ ಜಿನ್ ಯಂತ್ರಕ್ಕೆ ಹಾಕಲು ರಾಶಿ ಒಡೆದರೆ ನಡುವಿನಿಂದ ಹಬೆ ಎದ್ದಿತಂತೆ. ಅರ್ಧ ರಾಶಿ ಹಳದಿ, ತಳ ಕಪ್ಪು. ಇನ್ನೆರಡು ದಿನ ಬಿಟ್ಟಿದ್ದರೆ ಬೆಂಕಿಯೇ ಹತ್ತುತ್ತಿತ್ತು. ಮೇಲೆ ಒಣಗಿಸಿ, ಹೊಟ್ಟೆಯಲ್ಲಿ ಹಸಿ ಇಟ್ಟುಕೊಂಡು ಬಂದ ಟ್ರಾಲಿಗಳು ಅವು. ಮೊಣಕೈವರೆಗೆ ಕೈ ಹಾಕಿದವನಿಗೆ ಒಳಗಿನ ತಂಪು ಗೊತ್ತಾಗಲೇಬೇಕು. ಕಲಿಯುವ ಮೊದಲ ವಾರವೇ ನನಗೆ ಗೊತ್ತಾಗಿತ್ತು. ನೀವೇ ಕಲಿಸಿದ್ದು.

ಅದಿರಲಿ. ತಪ್ಪು ಎಲ್ಲರೂ ಮಾಡುತ್ತಾರೆ. ಆದರೆ ಮಾಲಕರಿಗೆ ನೀವು ಕೊಟ್ಟ ವರದಿಯ ನಕಲು ನನ್ನ ಟೇಬಲ್ಲಿಗೂ ಬಂದಿದೆ. ‘ನಾನು ನೋಡಿದಾಗ ಸರಕು ಒಣ ಇತ್ತು. ಅದೇ ಆರನೇ ತಾರೀಕು ಚನ್ನವ್ವನೆಂಬ ಹೆಣ್ಣಾಳು ಹಸಿ ಹತ್ತಿಯನ್ನು ತಂದು ರಾಶಿಗೆ ಸುರಿದಿದ್ದಾಳೆ.’ ಕೆಳಗೆ ನಿಮ್ಮ ಸಹಿ, ಬಾಲ ತಿರುಗಿಸಿದ ದೊಡ್ಡ ಸಹಿ. ಚನ್ನವ್ವನನ್ನು ಕೆಲಸದಿಂದ ಬಿಡಿಸಿದ್ದಾರೆ.

ನೀವು ಜಾಣರು. ನಮ್ಮ ಮಿಲ್ಲಿನ ಹಾಜರಿಯಲ್ಲಿ ಹೆಣ್ಣಾಳುಗಳ ಹೆಸರು ಬರೆಯುವುದಿಲ್ಲ, ತಲೆ ಎಣಿಸುತ್ತಾರೆ ಎಂಬುದು ನಿಮಗೆ ಗೊತ್ತು. ಆರನೇ ತಾರೀಕು ಅವಳು ಆವಾರದಲ್ಲಿ ಇದ್ದಳೋ ಇಲ್ಲವೋ ಯಾವ ಪುಸ್ತಕವೂ ಹೇಳುವುದಿಲ್ಲ. ಆದರೆ ಒಂದು ಕಾಗದ ಹೇಳುತ್ತದೆ. ‘ಒಂದನೇ ತಾರೀಕೇ ಸವದತ್ತಿಗೆ ಹೋದಳು, ಇಪ್ಪತ್ತರ ತನಕ ಬರುವುದಿಲ್ಲ.’ ಅಕ್ಷರ ನಿಮ್ಮದು, ಸಹಿ ನಿಮ್ಮದು, ತಾರೀಕು ನಿಮ್ಮದು. ಕಾಗದದಲ್ಲಿ ಬೈದದ್ದು ಪೆಟ್ಟಿಗೆಯಲ್ಲಿ ಉಳಿಯುತ್ತದೆ ಎಂದಿದ್ದಿರಲ್ಲ? ಉಳಿದಿದೆ.

ಪರೀಕ್ಷೆಯ ದಿನದ ತನಕ ಕಾಯುತ್ತೇನೆ.

ಭರಮಪ್ಪ

*

ಬೈಲಹೊಂಗಲ
೩ ಜನವರಿ ೨೦೨೫

ಎಲೈ ಕಪಟಿ!

ತೋರಿಸು! ಹೋಗು, ತೋರಿಸು! ಹದಿನೇಳು ವರ್ಷ ಹಲ್ಲು ಮಸೆದು ಕಾದೆಯಲ್ಲ, ಇಗೋ ಬಂತು ನಿನ್ನ ಮುಹೂರ್ತ. ತಲೆಯ ಮೇಲೆ ಬಿದ್ದ ಒಂದು ಬುಟ್ಟಿ ಹತ್ತಿಗೆ ಒಬ್ಬ ಮನುಷ್ಯನ ಅನ್ನವನ್ನೇ ಬೇಡುವವನು ನೀನು! ಖಳನಾಯಕನ ಪಾತ್ರವನ್ನು ನಾನು ಎಷ್ಟೋ ಸಲ ಮಾಡಿದ್ದೇನೆ, ಆದರೆ ಬಣ್ಣ ಹಚ್ಚಿ ಮಾಡಿದ್ದೇನೆ. ಬಣ್ಣ ಹಚ್ಚದೆ ಮಾಡುವವನನ್ನು ಈಗ ನೋಡಿದೆ.

ಕೈಯ ಬಗ್ಗೆ ನನಗೆ ಪಾಠ ಹೇಳಬೇಡ. ಕೈಯ ಕಥೆ ನಿನಗೇನು ಗೊತ್ತು?

ಅವಳು ಬಂದಿದ್ದಳು. ಹೌದು, ಚನ್ನವ್ವ. ಮೊನ್ನೆ ಸಂಜೆ. ಬಾಗಿಲಲ್ಲಿ ನಿಂತಳು. ನನ್ನ ಹೆಂಡತಿ ರಹೀಮಬಿ “ಒಳಗ ಬಾರವಾ, ಕುಂದ್ರು” ಎಂದಳು. ಅವಳು ಒಳಗೆ ಬರಲಿಲ್ಲ. ಅತ್ತು ಕರೆಯುತ್ತಾಳೆ, ಬೈದು ಬೀದಿ ಕೂಡಿಸುತ್ತಾಳೆ ಎಂದು ನಾನು ಸಿದ್ಧನಾಗಿ ಎದೆಯುಬ್ಬಿಸಿ ನಿಂತಿದ್ದೆ. ಎರಡಕ್ಕೂ ನನ್ನ ಹತ್ತಿರ ಮಾತು ಇದ್ದವು. ಅವಳು ಮೆಲ್ಲಗೆ ಕೇಳಿದಳು:

“ಸಾಹೇಬ್ರ, ಎರಡು ವರ್ಷಾತು, ನೀವು ಟ್ರಾಲಿ ಮುಂದ ನಿಂತು ನನ್ನ ಕಡೆ ನೋಡ್ತಿದ್ರಿ, ನಾ ಹತ್ತಿ ಮುಟ್ಟಿ ಸೆರಗು ಮುಂದಕ್ಕ ಎಳಕೊಂಡ್ರ ಹಸಿ, ಹಿಂದಕ್ಕ ಸರಿಸಿದ್ರ ಒಣ. ಯಾರಿಗರ ಹೇಳೇನೇನ್ರಿ ನಾ?”

“ಇಲ್ಲ” ಎಂದೆ.

“ನಾ ಇಲ್ಲದಾಗ ನಿಮಗ ಮಾತು ಮರ್ತು ಹೋತು. ಹೋಗ್ಲಿ. ಮರ್ತವರು ಸುಮ್ಮನ ನಿಂದ್ರಬೇಕಿತ್ತು. ನನ್ನ ಹೆಸರು ಯಾಕ ಹೇಳಿದ್ರಿ?”

ಅಷ್ಟೇ. ಹೋದಳು. ಈ ಮನೆಯ ಹೆಂಚು ಹಾರುವಂತೆ ಕೂಗಬಲ್ಲ ನಾನು, ಮೆಲ್ಲಗೆ ಬಾಗಿಲು ಮುಂದೆ ಮಾಡಿದೆ. ರಹೀಮಬಿ ಎರಡು ದಿನದಿಂದ ನನ್ನ ತಾಟನ್ನು ಬಾಗಿಲ ಹತ್ತಿರ ಇಟ್ಟು ಹೋಗುತ್ತಾಳೆ.

ಇದನ್ನು ನಿನಗೆ ಯಾಕೆ ಬರೆದೆನೋ! ಹರಿದು ಹಾಕಬೇಕಿತ್ತು. ಅಯಾಜ ಹಾರ್ನು ಹೊಡೆಯುತ್ತಿದ್ದಾನೆ, ಕಳಿಸುತ್ತೇನೆ. ಇದೂ ನಿನ್ನ ಪೆಟ್ಟಿಗೆ ಸೇರಲಿ. ಎರಡೂ ಕಾಗದ ಹಿಡಿದು ಮಾಲಕರ ಮುಂದೆ ಕುಣಿ!

ಹಜರತಸಾಬ

*

ರಾಮದುರ್ಗ
೮ ಜನವರಿ ೨೦೨೫

ಕಾಕಾ,

ಕೈಯ ಕಥೆ ನನಗೆ ಗೊತ್ತು. ನವೆಂಬರ್ ಇಪ್ಪತ್ಮೂರರಿಂದ ಗೊತ್ತು.

ಅಂಥದೇ ಲೋಟವನ್ನು ನಾನೂ ಹಿಡಿದಿದ್ದೆ. ಬೆರಳು ಸುಟ್ಟು ಬೊಬ್ಬೆ ಎದ್ದವು. ನೀವು ಅಷ್ಟೇ ಬಿಸಿಯ ಲೋಟ ಹಿಡಿದು ನಿಂತಿರಿ, ಮುಖದಲ್ಲಿ ಒಂದು ಗೆರೆ ಅಲುಗಲಿಲ್ಲ. ಬೇರೆಯವರು ಗಟ್ಟಿಗ ಎಂದುಕೊಂಡರು. ನನ್ನ ಅಪ್ಪನಿಗೂ ಸಕ್ಕರೆ ಕಾಯಿಲೆ ಇತ್ತು, ಕಾಕಾ. ಕೊನೆಗೆ ಕೈ ಜೋಮು ಹಿಡಿದು ಅವರೂ ಬಿಸಿ ರೊಟ್ಟಿಯ ಹಂಚನ್ನು ಬರಿಗೈಯಲ್ಲಿ ಎತ್ತುತ್ತಿದ್ದರು. ಅವತ್ತೇ ಹಳೆಯ ಕಡತ ತೆಗೆದು ನೋಡಿದೆ. ನಿಮ್ಮ ಎರಡು ವರ್ಷದ ದರ್ಜೆ ಚೀಟಿಗಳನ್ನು ಇಲ್ಲಿ ಸ್ಯಾಂಪಲ್ ಗಂಟು ನೋಡಿ ಬರೆದ ತೇವದ ಅಂಕಿಗಳ ಜೊತೆ ಇಟ್ಟು ನೋಡಿದರೆ ಎಲ್ಲವೂ ಸರಿ, ನಾಲ್ಕು ವಾರ ಮಾತ್ರ ಪೂರ್ತಿ ತಪ್ಪು. ಆ ನಾಲ್ಕು ವಾರ ಏನಾಗಿತ್ತು ಎಂದು ಅಯಾಜನನ್ನು ಕೇಳಿದೆ. “ಚನ್ನವ್ವ ಇದ್ದಿಲ್ರಿ ಆವಾಗ” ಎಂದ, ಏನೂ ಅರಿಯದೆ. ಹತ್ತು ಮಾರಿನ ಷರತ್ತು ಹಾಕಿದ್ದು ಅದಕ್ಕೇ. ಒಬ್ಬರೇ ನಿಲ್ಲಬೇಕಾದರೆ ನೀವಾಗಿಯೇ ನಿಜ ಹೇಳುತ್ತೀರಿ ಎಂದು ತಿಳಿದೆ. ನನ್ನ ಲೆಕ್ಕ ತಪ್ಪಿತು. ನಾನೂ ಸುಮ್ಮನಿರಬಾರದಿತ್ತು. ನಾನು ಬಾಯಿ ತೆರೆದಿದ್ದರೆ ಸಂಗೊಳ್ಳಿಯ ಹತ್ತಿ ಉಳಿಯುತ್ತಿತ್ತು, ಚನ್ನವ್ವನ ಕೆಲಸವೂ ಉಳಿಯುತ್ತಿತ್ತು. ಅಷ್ಟು ತಪ್ಪು ನನ್ನದು.

ಇನ್ನೊಂದು ಮಾತು. ಅಕ್ಟೋಬರದಲ್ಲಿ ಮಾಲಕರ ಟೇಬಲ್ಲಿನ ಮೇಲೆ ಎರಡು ಪಟ್ಟಿ ಇದ್ದವು. ಒಂದು ತರಬೇತಿಗೆ, ಇನ್ನೊಂದು ಮನೆಗೆ. ನಿಮ್ಮ ಹೆಸರು ಎರಡನೆಯದರಲ್ಲಿತ್ತು. ‘ಐವತ್ತೈದು ದಾಟಿದವರು ಹೊಸದನ್ನು ಕಲಿಯುವುದಿಲ್ಲ’ ಎಂದರು. “ಕಲೀತಾರ್ರಿ, ನಾ ಕಲಿಸ್ತೇನಿ” ಎಂದು ಹೇಳಿ ಹೆಸರನ್ನು ಈ ಪಟ್ಟಿಗೆ ತಂದವನು ನಾನು. ಕರುಣೆಯಿಂದ ಎಂದು ತಿಳಿಯಬೇಡಿರಿ. ನೀವು ಬೆಂಚಿನ ಮೇಲೆ, ನಾನು ಕುರ್ಚಿಯ ಮೇಲೆ. ಅದನ್ನು ಒಮ್ಮೆ ನೋಡಬೇಕು ಎನಿಸಿತ್ತು. ನೋಡಿದೆ. ಅಂದುಕೊಂಡಷ್ಟು ಸುಖವಾಗಲಿಲ್ಲ. ನನ್ನ ಕುರ್ಚಿಯೂ ಮಾರ್ಚಿನವರೆಗೆ ಮಾತ್ರ. ಎಲ್ಲರೂ ಕಲಿತ ಮೇಲೆ ಕಲಿಸುವವನು ಯಾಕೆ ಬೇಕು?

ನಿಮ್ಮ ಕೈ ಜೋಮು ಹಿಡಿದದ್ದು ತಪ್ಪಲ್ಲ. ಒಬ್ಬ ಹೆಂಗಸಿನ ಕೈಯನ್ನು ಎರಡು ವರ್ಷ ಸಾಲ ತಂದು, ಕೊನೆಗೆ ಆ ಕೈಯನ್ನೇ ಮುರಿದದ್ದು ತಪ್ಪು. ಅದನ್ನು ನಾನು ಕ್ಷಮಿಸುವುದಿಲ್ಲ.

ಡಿಸೆಂಬರ್ ಒಂಬತ್ತರ ನಿಮ್ಮ ಕಾಗದ ಇದರೊಳಗೇ ಇದೆ. ನಕಲು ತೆಗೆದಿಲ್ಲ, ಫೋಟೋ ಹೊಡೆದಿಲ್ಲ. ಸುಡಬೇಕೆನಿಸಿದರೆ ಸುಡಿರಿ. ನಾನು ತೋರಿಸಿದರೆ ಅದು ಹದಿನೇಳು ವರ್ಷದ ಹಗೆ ಆಗುತ್ತದೆ. ನಿಮ್ಮ ಕೈಯಲ್ಲಿ ಅದು ಏನಾಗುತ್ತದೋ ನೋಡುತ್ತೇನೆ. ಈ ಸಲ ಮಾತು ಎತ್ತಿಕೊಡಲು ಸೆರಗು ಎಳೆಯುವವರು ಯಾರೂ ಇಲ್ಲ.

ಭರಮಪ್ಪ

*

ಬೈಲಹೊಂಗಲ
೧೯ ಜನವರಿ ೨೦೨೫

ಭರಮಪ್ಪ,

ನಿನ್ನೆ ನೀನು ರಾಮದುರ್ಗದಲ್ಲಿ ಪರೀಕ್ಷೆಯ ಬೆಂಚು ಹಾಕಿ ನನ್ನ ದಾರಿ ಕಾದಿರಬೇಕು. ನನ್ನ ಪರೀಕ್ಷೆ ಇಲ್ಲಿ ನಡೆಯಿತು.

ಹತ್ತು ದಿನ ಆ ಕಾಗದ ನನ್ನ ಜೇಬಿನಲ್ಲಿತ್ತು. ಒಲೆಯ ಮುಂದೆ ಎರಡು ಸಲ ಕೂತೆ. ಒಲೆಯ ಕಾವು ಕೈಗೆ ತಾಗುವುದಿಲ್ಲ, ಮುಖಕ್ಕೆ ತಾಗುತ್ತದೆ. ಎದ್ದು ಬಂದೆ.

ನಿನ್ನೆ ಹನ್ನೊಂದಕ್ಕೆ ಮಾಲಕರು ಬಂದರು. ಆವಾರದಲ್ಲಿ ಹೆಣ್ಣಾಳುಗಳು, ಹಮಾಲರು, ಕಿತ್ತೂರಿನ ಎರಡು ಟ್ರಾಲಿಯವರು, ಅಯಾಜ ಎಲ್ಲರೂ ಇದ್ದರು. ಚನ್ನವ್ವನನ್ನು ರಹೀಮಬಿ ಕೈಹಿಡಿದು ಕರೆತಂದಿದ್ದಳು. ನಾನು ತೂಕದ ಕಟ್ಟೆಯ ಮೇಲೆ ಹತ್ತಿ ನಿಂತು ಆ ಕಾಗದವನ್ನು ಓದಿದೆ. ಸೇನಾಪತಿಯ ದನಿಯಲ್ಲೇ ಓದಿದೆ, ನನಗೆ ಬೇರೆ ದನಿ ಬರುವುದಿಲ್ಲ. ‘ಚನ್ನವ್ವ ಈಗ ಇಲ್ಲಿಲ್ಲ. ಒಂದನೇ ತಾರೀಕೇ ಸವದತ್ತಿಗೆ ಹೋದಳು.’ ಅಲ್ಲಿಗೆ ಬಂದಾಗ ದನಿ ಒಡೆಯಿತು. ಮೂವತ್ತು ವರ್ಷದಲ್ಲಿ ಒಂದು ಸಲವೂ ರಂಗದ ಮೇಲೆ ಒಡೆಯದ ದನಿ.

“ಅಂದ್ರ ಏನ್ರಿ ಇದು, ಹಜರತಸಾಬ?” ಎಂದರು ಮಾಲಕರು.

“ಆಕಿ ಊರಾಗ ಇದ್ದಿಲ್ರಿ. ವರದಿ ಸುಳ್ಳರಿ. ಹಸಿ ಹತ್ತಿ ಒಣ ಅಂದಾಂವ ನಾನರಿ” ಎಂದೆ. “ಈ ಕೈಗೆ ಏನೂ ತಿಳೀದು ಎರಡು ವರ್ಷಾತ್ರಿ.”

ಯಾರೂ ನಂಬಲಿಲ್ಲ. ಹಮಾಲರು ನಕ್ಕರು, ಸಾಹೇಬರು ಏನೋ ನಾಟಕ ತೆಗೆದಾರ ಎಂದು. ಆಗ ಚನ್ನವ್ವ ಮುಂದೆ ಬಂದಳು. ಟ್ರಾಲಿಯಿಂದ ಒಂದು ಹಿಡಿ ತಂದಳು, ಬಾನಿಯ ನೀರಿನಲ್ಲಿ ಇನ್ನೊಂದು ಹಿಡಿ ಅದ್ದಿ ಹಿಂಡಿ ತಂದಳು. ನನಗೆ ಕಣ್ಣು ಮುಚ್ಚಲು ಹೇಳಿ ಒಂದೊಂದನ್ನು ಒಂದೊಂದು ಕೈಯಲ್ಲಿ ಇಟ್ಟಳು.

“ಹೇಳ್ರಿ ಸಾಹೇಬ್ರ. ಯಾವ ಕೈಯಾಗ ಹಸಿ ಐತಿ?”

ನಿಂತೆ. ಭರಮಪ್ಪ, ನೀನು ಭರ್ಜಿ ಹಿಡಿದು ನಿಂತಿದ್ದೆಯಲ್ಲ, ಹಾಗೆ ನಿಂತೆ. ಯಾರೂ ಮಾತು ಎತ್ತಿಕೊಡಲಿಲ್ಲ. “ಗೊತ್ತಿಲ್ಲ” ಎಂದೆ. ಈ ಆವಾರದಲ್ಲಿ ಆ ಮಾತನ್ನು ನಾನು ಮೊದಲ ಸಲ ಆಡಿದ್ದು. ಹಮಾಲರ ನಗೆ ನಿಂತಿತು.

ಚನ್ನವ್ವನಿಗೆ ಕೆಲಸ ವಾಪಸು ಸಿಕ್ಕಿತು. ನಾನು ಅಲ್ಲಿಗೇ ಬಿಡಲಿಲ್ಲ. “ಎರಡು ವರ್ಷ ಈ ಮಿಲ್ಲಿನ ಗ್ರೇಡರ್ ಆಕೀನರಿ. ತರಬೇತಿಗೆ ಆಕೀನ್ನ ಕಳಸ್ರಿ” ಎಂದೆ. ಮಾಲಕರು, “ನಾಕನೇ ಇಯತ್ತಾ ಕಲಿತ ಹೆಣಮಗಳು ಯಂತ್ರಾ ನಡಸ್ತಾಳೇನು?” ಎಂದರು. ನಾನು ಬಾಯಿ ತೆರೆಯುವ ಮೊದಲೇ ಅವಳೇ ಅಂದಳು: “ನಾಕು ಟ್ರಾಲಿ ಹತ್ತಿ ಹಾಕಿ ನೋಡ್ರಿ, ಆಮ್ಯಾಲ ಸಾಲೀ ಕೇಳ್ರಿ.” ಮುಂದಿನ ಶನಿವಾರ ಬರುತ್ತಾಳೆ. ಅರ್ಜಿ ಇದರೊಳಗಿದೆ. ಹೆಸರನ್ನು ತಾನೇ ಬರೆದಿದ್ದಾಳೆ.

ನನ್ನನ್ನು ಮನೆಗೆ ಕಳಿಸಲಿಲ್ಲ, ಗೇಟಿಗೆ ಹಾಕಿದ್ದಾರೆ. ಹೌದು, ದ್ವಾರಪಾಲಕ! ಕೈಯಲ್ಲಿ ಕೋಲೂ ಕೊಟ್ಟಿದ್ದಾರೆ. ನಗು. ರಾಮದುರ್ಗದಿಂದ ಇಲ್ಲಿಯವರೆಗೆ ಕೇಳುವಂತೆ ನಗು!

ನೀನು ಪಟ್ಟಿ ಬದಲಿಸಿ ನನ್ನನ್ನು ಉಳಿಸಿದೆ ಎಂದು ನಾನು ಕೈಮುಗಿಯುವುದಿಲ್ಲ. ಬೆಂಚಿನ ಮೇಲೆ ಕೂರಿಸಿ ನೋಡಬೇಕೆಂದು ಉಳಿಸಿದವನಿಗೆ ಎಂಥ ಕೈಮುಗಿಯುವುದು? ಕಿರೀಟದ ಮಾತು ಬೇರೆ. ಅವತ್ತು ಬಣ್ಣ ಹಚ್ಚಿಕೊಳ್ಳುತ್ತ ನಾನು ಎಲ್ಲ ಕೇಳಿಸಿಕೊಂಡಿದ್ದೆ. ಬಾಯಿ ತೆರೆದರೆ ನನ್ನ ಪಾತ್ರವೂ ಹೋದೀತೆಂದು ಸುಮ್ಮನಿದ್ದೆ. ಅದು ಹೇಡಿತನ. ಬರೆದು ಕೊಟ್ಟಿದ್ದೇನೆ, ಪೆಟ್ಟಿಗೆಯಲ್ಲಿಡು.

ಹಜರತಸಾಬ

*

ರಾಮದುರ್ಗ
೨೭ ಜನವರಿ ೨೦೨೫

ಕಾಕಾ,

ಚನ್ನವ್ವ ಬಂದಿದ್ದರು. ಒಬ್ಬರೇ, ಎರಡು ಬಸ್ಸು ಬದಲಿಸಿ, ಹತ್ತಕ್ಕೆ ಐದು ನಿಮಿಷ ಮೊದಲು.

ಕಡ್ಡಿ ಕೊಟ್ಟೆ. ಗುಡ್ಡೆಗೆ ಚುಚ್ಚಿದರು. ತೇವದ ಅಂಕಿ ಏಳು ಎಂದು ಬಂತು. ಅದನ್ನು ಬಿಟ್ಟು ತಮ್ಮ ಕೈ ಹಾಕಿದರು. “ಇದು ಸುಳ್ಳು ಹೇಳಾಕ ಹತ್ತೇತ್ರಿ. ಹತ್ತರ ಮ್ಯಾಲ ಐತಿ.” ಕಾಂತೇಶ ನಕ್ಕ. ನಾನು ಕಡ್ಡಿ ಬಿಚ್ಚಿ ನೋಡಿದೆ. ತುದಿಗೆ ಮೇಣದಂಥ ಜಿಗುಟು ಕೂತಿತ್ತು. ಒರೆಸಿ ಚುಚ್ಚಿದರೆ ಹತ್ತೂವರೆ. ಎರಡು ತಿಂಗಳಿಂದ ನಾನು ಕಲಿಸಿದವರೆಲ್ಲ ಆ ಕಡ್ಡಿಯನ್ನು ನಂಬಿ ತಲೆಯಾಡಿಸಿದ್ದರು. ನಾನೂ. ಈಗ ಪಾಠ ಬದಲಿಸಿದ್ದೇನೆ: ಮೊದಲು ಕೈ, ಆಮೇಲೆ ಕಡ್ಡಿ, ಎರಡೂ ಬೇರೆ ಬೇರೆ ಹೇಳಿದರೆ ಮೂರನೇ ಸಲ ನೋಡುವುದು. ಇದನ್ನು ಓದಿ ಮೀಸೆ ತಿರುವಬೇಡಿರಿ, ಕೈ ನಿಮ್ಮದಲ್ಲ.

ತೊಂದರೆ ಒಂದೇ. ಯಂತ್ರದ ಪರದೆಯ ಮೇಲಿನ ಅಕ್ಷರಗಳೆಲ್ಲ ಇಂಗ್ಲಿಷಿನಲ್ಲಿವೆ. ಚನ್ನವ್ವ ಅಂಕಿ ಓದುತ್ತಾರೆ, ಆ ಅಕ್ಷರ ಬರುವುದಿಲ್ಲ. ಕಲಿಯಲು ಒಂದೆರಡು ತಿಂಗಳು ಬೇಕು. ಪರದೆ ಗಾಜಿನ ಕೋಣೆಯೊಳಗೆ, ಹತ್ತಿಯ ಟೇಬಲ್ಲು ಹೊರಗೆ ಬಾಗಿಲ ಹತ್ತಿರ. ಒಳಗೆ ಕೂತು ಹೊರಗೆ ಕೇಳುವಂತೆ ಯಾರಾದರೂ ಓದಿ ಹೇಳಬೇಕು. ಕಾಂತೇಶನ ದನಿ ಯಂತ್ರದ ಸದ್ದಿನಲ್ಲಿ ಮುಳುಗುತ್ತದೆ. ಚನ್ನವ್ವ ಹೇಳಿದ್ದನ್ನು ಇದ್ದಂತೆ ಬರೆಯುತ್ತಿದ್ದೇನೆ:

“ಅವರಿಗೆ ಬರೀರಿ. ನಾ ಮಾಫ್ ಮಾಡಿಲ್ಲ ಅನ್ರಿ. ಆದ್ರ ದನಿ ಕೊನೇ ಸಾಲಿಗೂ ಮುಟ್ತೈತಿ ಅಂತ ಮೆರೀತಿದ್ರಲ್ಲ, ಶನಿವಾರ ಬರ್ಲಿ. ನನ್ನ ಹಂತ್ಯಾಕ ಬ್ಯಾಡ. ಹತ್ತು ಮಾರು ದೂರ ಕುಂದ್ರಲಿ. ಅಲ್ಲಿಂದ ಒದರ್ಲಿ.”

ಭರಮಪ್ಪ

*

ಬೈಲಹೊಂಗಲ
೩೦ ಜನವರಿ ೨೦೨೫

ಭರಮಪ್ಪನವರಿಗೆ,

ಶನಿವಾರ ಗೇಟಿನ ರಜೆ ಕೇಳಿದ್ದೇನೆ. ಮೊದಲ ಬಸ್ಸಿಗೆ ಬರುತ್ತೇನೆ. ಚನ್ನವ್ವ ಮುಂದಿನ ಸೀಟಿನಲ್ಲಿ ಕೂತರೆ ನಾನು ಕೊನೆಯ ಸೀಟಿನಲ್ಲಿ.

ಇದನ್ನು ಸಂಧಾನವೆಂದು ತಿಳಿಯಬೇಡ. ನಿನ್ನ ಮುಖ ಕಂಡರೆ ಇಂದಿಗೂ ನನ್ನ ರಕ್ತ ಕುದಿಯುತ್ತದೆ. ದರ್ಜೆ ಚೀಟಿ ಬರೆದು ಬರೆದು ಇಂಗ್ಲಿಷ್ ಅಕ್ಷರ ನನಗೆ ಬರುತ್ತವೆ, ಓದಿ ಒದರುತ್ತೇನೆ, ನಡುವೆ ಒಂದು ಮಾತೂ ಸೇರಿಸುವುದಿಲ್ಲ, ಸಂಜೆಯ ಬಸ್ಸಿಗೆ ಹೊರಡುತ್ತೇನೆ.

ಒಂದೇ ಮಾತು. ಮನೆಯಲ್ಲಾದರೆ ಸ್ನಾನದ ನೀರು, ಚಹಾ ಎಲ್ಲವನ್ನೂ ರಹೀಮಬಿ ಮುಟ್ಟಿ ನೋಡಿ ಕೊಡುತ್ತಾಳೆ. ಅಲ್ಲಿ ಅವಳಿರುವುದಿಲ್ಲ. ನವೆಂಬರದ ಆ ಲೋಟದ ಬೊಬ್ಬೆ ನನ್ನ ಅಂಗೈಯಲ್ಲಿ ಹದಿನೈದು ದಿನ ಇತ್ತು. ಕಣ್ಣಿಗೆ ಬಿದ್ದದ್ದು ಮರುದಿನ, ನಿನಗೆ ಕಾಗದ ಬರೆದು ಮುಗಿಸಿದ ಮೇಲೆ.

ಚಹಾ ಬಂದಾಗ ಲೋಟವನ್ನು ಮೊದಲು ನೀನು ಮುಟ್ಟಿ ನೋಡು. ಆರಿದ ಮೇಲೆ ಕೊಡು.

ಹಜರತಸಾಬ